ಕೊಪ್ಪದೋಳು ಯಾರ ಮಗಳು?

ಮುತ್ತಿನಕೊಪ್ಪದ ನಮ್ಮ ಮನೆಯಲ್ಲಿ ಮದುವೆಯಾದ ಹೆಣ್ಣುಮಕ್ಕಳಿಗೆ ಹೆಸರಿರುವುದಿಲ್ಲ, ಊರಿರುತ್ತದೆ. ಅಕ್ಕನನ್ನು ಶೃಂಗೇರಿಗೆ ಕೊಟ್ಟರು, ಅವಳು ಶೃಂಗೇರಿಯೋಳಾದಳು. ನನ್ನನ್ನು ಕೊಪ್ಪ ಪೇಟೆಗೆ ಕೊಟ್ಟರು, ನಾನು ಕೊಪ್ಪದೋಳಾದೆ. ನಾನು ಬಸ್ಸಿಳಿದು ಬರುವುದು ಕಂಡರೆ ಅಮ್ಮ ಪಕ್ಕದ ಮನೆಗೂ ಕೇಳುವಂತೆ "ಕೊಪ್ಪದೋಳು ಬಂದ್ಲು" ಎನ್ನುತ್ತಿದ್ದಳು. ಅದರಲ್ಲಿ ಒಂದಿಷ್ಟು ಜಂಬವೂ ಇತ್ತು. ಕಂಡವರ ತೋಟದಲ್ಲಿ ಕೂಲಿ ಮಾಡುವವರ ಮಗಳು ಬ್ಯಾಂಕಿನಲ್ಲಿ ಕೆಲಸವಿದ್ದವನ ಕೈ ಹಿಡಿದಿದ್ದಳಲ್ಲ.

ಪಿಎಚ್‌ಡಿ ಮುಗಿಸಿದ ನಾನು ವಿಶ್ವವಿದ್ಯಾಲಯವೊಂದರಲ್ಲಿ ಹಿಂದುಳಿದ ವರ್ಗಕ್ಕೆ ಮೀಸಲಾದ ಸಹಾಯಕ ಪ್ರಾಧ್ಯಾಪಕ ಹುದ್ದೆಗೆ ಆಯ್ಕೆಯಾದೆ. ಪಟ್ಟಿಯಲ್ಲಿ ನನ್ನ ಕೆಳಗಿದ್ದ ಮಹಾಶಯರಿಗೆ ಅದನ್ನು ಸಹಿಸಲಾಗಲಿಲ್ಲ, ಹೈಕೋರ್ಟಿಗೆ ಹೋದರು. ಈ ಮೀಸಲಾತಿಗೆ ಆದಾಯದ ಮಿತಿ ಇದೆ. ಅಪ್ಪನ ಕೂಲಿ ನೋಡಿದರೆ ನಾನು ಅರ್ಹಳು, ಗಂಡನ ಸಂಬಳ ನೋಡಿದರೆ ಅಲ್ಲ. ನಾನು ಕೊಟ್ಟದ್ದು ಅಪ್ಪನ ಆದಾಯದ ಪ್ರಮಾಣಪತ್ರ. ಮದುವೆಯಾದವಳಿಗೆ ಅಪ್ಪನ ಬಡತನದ ಮೇಲೆ ಹಕ್ಕಿಲ್ಲ ಎಂಬುದು ಮಹಾಶಯರ ವಾದ. ಅವರ ಹೆಂಡತಿ ಸರ್ಕಾರಿ ಡಾಕ್ಟರ್. ಆಕೆಯ ಸಂಬಳದ ಸುದ್ದಿಯನ್ನು ಯಾರೂ ಎತ್ತಲಿಲ್ಲ. ಗಂಡಸು ಮದುವೆಯಾದ ಮೇಲೂ ಅಪ್ಪನ ಮಗನೇ ಅಲ್ಲವೇ!

ವಿಶ್ವವಿದ್ಯಾಲಯದ ದೊಡ್ಡವರು ಕೈ ತೊಳೆದುಕೊಳ್ಳಲು ನನ್ನ ಪ್ರಮಾಣಪತ್ರದ ಮರುಪರಿಶೀಲನೆಗೆ ತಾಲ್ಲೂಕು ಕಚೇರಿಗೆ ಬರೆದರು. ಎನ್.ಆರ್.ಪುರದಿಂದ ಕಂದಾಯ ಇಲಾಖೆಯ ಒಬ್ಬರು ಮುತ್ತಿನಕೊಪ್ಪಕ್ಕೆ ಸ್ಥಳ ತನಿಖೆಗೆ ಬಂದರು. ಅಪ್ಪ ಕೆಲಸಕ್ಕೆ ಹೋಗಿದ್ದ. ಅಮ್ಮ ಕಾಫಿ ಕೊಟ್ಟಳು. ಕಾಫಿ ಕುಡಿದು ಲೋಟ ಕೆಳಗಿಟ್ಟವರು, ನಿಮ್ಮ ಮಗಳು ಈಗಲೂ ಈ ಮನೆಯವಳೇನಮ್ಮ ಎಂದು ಕೇಳಿದರಂತೆ.

ನಮ್ಮ ಕಡೆ ಈ ಪ್ರಶ್ನೆಗೆ ಒಂದೇ ಅರ್ಥ. ಗಂಡ ಬಿಟ್ಟು ಬಂದು ತವರಿನಲ್ಲಿ ಕೂತವಳು ಮಾತ್ರ ಈಗಲೂ ಅಪ್ಪನ ಮನೆಯವಳು. ಮಗಳ ಮಾನ ಉಳಿಸಲು ಅಮ್ಮ ನೆಟ್ಟಗೆ ನಿಂತು ಹೇಳಿದಳು: "ಇಲ್ಲ ಸಾರ್, ಅವ್ಳೀಗ ನಮ್ಮೋಳಲ್ಲ. ಕೊಪ್ಪದೋಳು. ಗಂಡನ ಮನೇಲಿ ಚೆನ್ನಾಗಿದಾಳೆ."

ಆ ಮನುಷ್ಯ ಮಲೆನಾಡಿನಲ್ಲೇ ಹುಟ್ಟಿ ಬೆಳೆದವರು. ಅವರ ಮನೆಯಲ್ಲೂ ಒಬ್ಬಳು ಶೃಂಗೇರಿಯೋಳೋ ತೀರ್ಥಹಳ್ಳಿಯೋಳೋ ಇದ್ದೇ ಇರುತ್ತಾಳೆ. ಆದರೂ ವರದಿಯಲ್ಲಿ ಬರೆದದ್ದು ಹೀಗೆ: "ಅಭ್ಯರ್ಥಿಯು ತಮ್ಮ ಕುಟುಂಬಕ್ಕೆ ಸೇರಿದವರಲ್ಲವೆಂದು ಸ್ವತಃ ತಾಯಿಯೇ ಹೇಳಿಕೆ ನೀಡಿರುತ್ತಾರೆ." ದಡ್ಡತನವಾಗಿದ್ದರೆ ಕ್ಷಮಿಸಬಹುದಿತ್ತು. ಅದು ದಡ್ಡತನವಲ್ಲ, ಸೋಮಾರಿತನ. ಇನ್ನೊಂದು ಪ್ರಶ್ನೆ ಕೇಳಲು ಬಾಯಿ ನೋಯುತ್ತಿತ್ತೇ?

ಕೋರ್ಟಿನಲ್ಲಿ ಎದುರು ಪಕ್ಷದ ವಕೀಲರು ಆ ಸಾಲನ್ನು ಓದಿದಾಗ ನಾನು ಹಿಂದಿನ ಬೆಂಚಿನಲ್ಲಿದ್ದೆ. ಹೆತ್ತ ತಾಯಿಯೇ ಒಪ್ಪದವಳನ್ನು ಕಾನೂನು ಹೇಗೆ ಒಪ್ಪಬೇಕು ಎಂದು ಕೇಳಿ, ಚಪ್ಪಾಳೆಗೆ ಕಾಯುವವರಂತೆ ಸುತ್ತ ನೋಡಿದರು. ಅಷ್ಟು ಓದಿ, ಅಷ್ಟು ಉದ್ದದ ಕರಿಕೋಟು ಹಾಕಿ, ಕೊನೆಗೆ ಒಬ್ಬ ಕೂಲಿ ಹೆಂಗಸಿನ ಉಪಚಾರದ ಮಾತನ್ನು ಹಿಡಿದು ಜಗ್ಗುವುದೇ ಇವರ ವಿದ್ಯೆ. ನನಗೆ ಸಿಟ್ಟು ಬರಲಿಲ್ಲ, ಹೇಸಿಗೆಯಾಯಿತು. ನೇಮಕಕ್ಕೆ ತಡೆ ಬಿತ್ತು, ಇವತ್ತಿಗೂ ತೆರವಾಗಿಲ್ಲ.

ಆದರೆ ಪಾಠ ನಿಲ್ಲಬಾರದಲ್ಲ. ಅದೇ ವಿಭಾಗದವರು ಫೋನ್ ಮಾಡಿ, ಅತಿಥಿ ಉಪನ್ಯಾಸಕಿಯಾಗಿ ಬಂದು ಅದೇ ತರಗತಿಗಳನ್ನು ತೆಗೆದುಕೊಳ್ಳಿ ಎಂದರು. ಕುರ್ಚಿಗೆ ನಾನು ಅರ್ಹಳೋ ಅಲ್ಲವೋ ಗೊತ್ತಿಲ್ಲ, ಕಪ್ಪುಹಲಗೆಗೆ ಅರ್ಹಳು. ಕೊಪ್ಪದಿಂದ ಬಸ್ಸು ಹಿಡಿದು ಹೋಗಿ ಬರುತ್ತೇನೆ. ನಾಚಿಕೆ ಅವರಿಗಾಗಬೇಕು, ಅವರಿಗದು ಆಗುವ ಲಕ್ಷಣವಿಲ್ಲ.

ವರದಿಯ ವಿಷಯವನ್ನು ಅಮ್ಮನಿಗೆ ಹೇಳಬಾರದೆಂದಿದ್ದೆ. ಯಾರೋ ಹೇಳಿಬಿಟ್ಟಿದ್ದರು. ಕಳೆದ ವಾರ ಹೋದಾಗ ಅವಳು ಅಂಗಳದಲ್ಲಿದ್ದಳು, ನನ್ನನ್ನು ಕಂಡರೂ ಏನನ್ನೂ ಕೂಗಲಿಲ್ಲ. ಬೇಲಿಯಾಚೆಯಿಂದ ಪಕ್ಕದ ಮನೆಯವರು ಯಾರು ಬಂದದ್ದು ಎಂದು ಕೇಳಿದರು. ಅಮ್ಮ ಬಾಯಿ ತೆರೆದವಳು ತಡೆದು ನನ್ನ ಮುಖ ನೋಡಿದಳು.

"ಎಂತ ಹೇಳ್ಲಿ ಮಾರಾಯ್ತಿ?" ಎಂದು ನನ್ನನ್ನೇ ಕೇಳಿದಳು.