ಒಂಬತ್ತು ಮನೆಯ ಬೆಣೆ

ಹೋದ ತಿಂಗಳು ತೀರಿಕೊಂಡ ಬಡಗಿ ಗಯಾಸುದ್ದೀನ್ ತನ್ನ ಎಪ್ಪತ್ತೊಂದು ವರ್ಷವನ್ನೂ ಕಳೆದದ್ದು ಹುಣಸೂರಿನ ಒಂದೇ ಬೀದಿಯಲ್ಲಿ, ಒಂಬತ್ತು ಮನೆಗಳ ಸಾಲಿನ ಕೊನೆಯ ಮನೆಯಲ್ಲಿ. ನೂರಹತ್ತು ವರ್ಷದ ಹಿಂದೆ ಮರದ ವ್ಯಾಪಾರಿಯೊಬ್ಬ ತನ್ನ ಗುಮಾಸ್ತರಿಗೆಂದು ಕಟ್ಟಿಸಿದ ಕೆಂಪಿಟ್ಟಿಗೆಯ ಸಾಲು ಅದು. ಉದ್ದಕ್ಕೂ ಒಂದೇ ಹೆಂಚಿನ ಮಾಡು, ಎರಡೆರಡು ಮನೆಗೆ ಒಂದೇ ನಡುಗೋಡೆ. ಒಬ್ಬರು ಕ್ಯಾಲೆಂಡರಿಗೆಂದು ಮೊಳೆ ಹೊಡೆದರೆ, ಆಚೆ ಬಂದ ತುದಿಗೆ ಪಕ್ಕದ ಮನೆಯವರು ಛತ್ರಿ ನೇತುಹಾಕುತ್ತಿದ್ದರು.

ಗಯಾಸುದ್ದೀನ್ ಮಾಡಿದ ದೊಡ್ಡ ತಪ್ಪು ಒಂದೇ. ಇಪ್ಪತ್ತೆರಡು ವರ್ಷದ ಹಿಂದೆ, ಕೆಲಸವಿಲ್ಲದ ಒಂದು ಭಾನುವಾರ, ದಾರಕ್ಕೆ ಗುಂಡು ಕಟ್ಟಿ ಇಳಿಬಿಟ್ಟು ಎಲ್ಲರ ಮನೆಯ ಗೋಡೆ ಅಳೆದ. ಎಲ್ಲವೂ ಒಂದು ಬೆರಳಿನಷ್ಟು ಪೂರ್ವಕ್ಕೆ ವಾಲಿದ್ದವು. ಪೂರ್ವದ ತುದಿಯಲ್ಲಿದ್ದದ್ದು ಅವನ ಮನೆಯೇ. ಸುಮ್ಮನಿರಬಹುದಿತ್ತು, ಬೀದಿಗೆಲ್ಲ ಹೇಳಿದ. ಸಂಜೆಯೊಳಗೆ ಎಂಟು ಮನೆಯವರೂ ಬಂದು, ಅವನ ನಡುಮನೆಯಲ್ಲಿ ಗೋಡೆಗೆ ಓರೆಯಾಗಿ ತೇಗದ ಕಂಬ ಆನಿಸಿ, ಅದರ ಬುಡಕ್ಕೆ ಅವನ ಕೈಯಲ್ಲೇ ಬೆಣೆ ಹೊಡೆಸಿ ಹೋದರು.

ಅಂದಿನಿಂದ ದಿನಾ ಬೆಳಗಿನ ನಮಾಜು ಮುಗಿಸಿ ಬೆಣೆಗೆ ಸುತ್ತಿಗೆಯಿಂದ ಎರಡೇಟು. ಸದ್ದು ಗೋಡೆಯಿಂದ ಗೋಡೆಗೆ ದಾಟಿ ಮೊದಲ ಮನೆಯವರೆಗೂ ಹೋಗುತ್ತಿತ್ತು. ಸಾಲೆಲ್ಲ ಎದ್ದು ಒಲೆಯ ಮೇಲೆ ಹಾಲಿಡುತ್ತಿತ್ತು. ಮದುವೆಯಿರಲಿ ಮಣ್ಣಿರಲಿ, ಗಯಾಸುದ್ದೀನ್ ಯಾವ ಊರಿಗೆ ಹೋದರೂ ಅಂದೇ ವಾಪಸಾಗಬೇಕಿತ್ತು. ಆ ಕಂಬವನ್ನು ಅವನ ಹೆಂಡತಿ ಅಜ್ಮತುನ್ನೀಸಾ ಬದುಕಿರುವವರೆಗೂ ಸವತಿ ಎಂದೇ ಕರೆದಳು.

ಹೋದ ವರ್ಷ ಪಿರಿಯಾಪಟ್ಟಣದಲ್ಲಿ ಮಗಳು ಹುಮೇರಾಗೆ, ಮದುವೆಯಾದ ಹದಿನಾಲ್ಕನೆಯ ವರ್ಷಕ್ಕೆ, ಹೆಣ್ಣುಮಗು ಹುಟ್ಟಿತು. ಅಬ್ಬಾ ಹತ್ತು ದಿನವಾದರೂ ಬಂದಿರಬೇಕೆಂದು ಅವಳು ಫೋನಿನಲ್ಲಿ ಅತ್ತಳು. ಅವನು ಬ್ಯಾಗು ಹಿಡಿದು ಹೊರಬಂದರೆ, ಪಕ್ಕದ ಮನೆಯ ಚಿಕ್ಕಮಾದಮ್ಮ ಮೆಟ್ಟಿಲಿಗೆ ಅಡ್ಡ ಕೂತಿದ್ದಳು.

"ಓಗು, ಬ್ಯಾಡ ಅನ್ನಕಿಲ್ಲ. ಗ್ವಾಡೆ ಮೈಮ್ಯಾಲೆ ಬಿದ್ರೆ ನಮ್ಮನ್ನ ಎತ್ತಾಕೆ ಬಸ್ಸಲ್ಲಿ ಬತ್ತೀಯಾ ಗಯಾಸಣ್ಣ?"

ಗಯಾಸುದ್ದೀನ್ ಬ್ಯಾಗು ಕೆಳಗಿಟ್ಟ. ಒಳಗೆ ಹೋಗಿ ಬೆಣೆಯನ್ನು ಎರಡೇ ಬೆರಳಲ್ಲಿ ಕಿತ್ತುಕೊಂಡು ಬಂದು ಅವಳಿಗೆ ತೋರಿಸಿದ.

"ಆರು ವರ್ಸದಿಂದ ಇದು ಸಡಿಲ ಕಣಕ್ಕ. ಗ್ವಾಡೆ ತಾನಾಗೇ ನಿಂತದೆ."

ಅವಳು ಬೆಣೆ ನೋಡಿದಳು, ಅವನ ಮುಖ ನೋಡಿದಳು.

"ಮೊಮ್ಮಗಳ ಮಕ ನೋಡೋ ಆಸೆಗೆ ಇಂಗೆಲ್ಲಾ ಸುಳ್ಳು ಏಳ್ಬ್ಯಾಡ ಬುಡು."

ಎಂಟು ಮನೆಯವರೂ ಅವಳ ಮಾತನ್ನೇ ಒಪ್ಪಿದರು. ಸಡಿಲವಾದ ಬೆಣೆಗೆ ಆರು ವರ್ಷ ದಿನಾ ಸುತ್ತಿಗೆ ಹಾಕುವ ಮನುಷ್ಯ ಉಂಟೇ ಎಂದು ಕೇಳಿದರು. ಅವನು ಬೆಣೆಯನ್ನೂ ಸುತ್ತಿಗೆಯನ್ನೂ ಬ್ಯಾಗಿಗೆ ಹಾಕಿಕೊಂಡು ಬಸ್ಸು ಹತ್ತಿಬಿಟ್ಟ.

ಮಾರನೆಯ ಬೆಳಗ್ಗೆ ಐದೂವರೆಗೆ ಫೋನು. ಅಟ್ಟದ ಮೇಲಿನ ಹಂಡೆ ಪೂರ್ವಕ್ಕೆ ಜಾರುತ್ತಿದೆ, ಸಾಲಿಗೆ ಸಾಲೇ ಹೊರಟಿದೆ ಎಂದು ಚಿಕ್ಕಮಾದಮ್ಮ ವರದಿ ಕೊಟ್ಟಳು. ಅವನು ಫೋನನ್ನು ಗೋಡೆಗೆ ಒತ್ತಿ ಹಿಡಿಯಲು ಹೇಳಿದ. ಇತ್ತ ಮಗಳ ಮನೆಯ ಹೊಸ್ತಿಲ ಮೇಲೆ ಬೆಣೆಯಿಟ್ಟು ಎರಡೇಟು ಹಾಕಿದ. ಅತ್ತ ಹಾಲಿನ ಪಾತ್ರೆ ತೊಳೆಯುವ ಸದ್ದು ಕೇಳಿಸಿತು.

"ಈಗ ನಿಂತ್ಕತ್ತು," ಎಂದಳು.

ಹತ್ತೂ ದಿನ ಹಾಗೇ ನಡೆಯಿತು. ಐದನೆಯ ದಿನದಿಂದ ಮಗುವೂ ಆ ಹೊತ್ತಿಗೆ ಎದ್ದು ಕಣ್ಣರಳಿಸಿ ಕಾಯತೊಡಗಿತು. ಅವನು ಅದನ್ನು ತೊಡೆಯ ಮೇಲಿಟ್ಟುಕೊಂಡೇ ಸುತ್ತಿಗೆ ಹಾಕುತ್ತಿದ್ದ. ಹುಣಸೂರಿಗೆ ಮರಳಿ ಬೆಣೆಯನ್ನು ಅದರ ಜಾಗದಲ್ಲೇ ಇಟ್ಟು, ಮೊದಲಿನಂತೆ ದಿನಾ ಎರಡೇಟು ಹಾಕತೊಡಗಿದ.

ಹೋದ ತಿಂಗಳು ನಿದ್ದೆಯಲ್ಲೇ ಹೋದ. ಅಂದು ಒಂದು ಹೆಂಚೂ ಜಾರಲಿಲ್ಲ. ಹಾಲಿನವನು ಎಂಟು ಬಾಗಿಲಲ್ಲೂ ಕೂಗಿ ಕೂಗಿ ಹೊರಟುಹೋದ. ಶಾಲೆಯ ವ್ಯಾನು ಖಾಲಿಯಾಗಿಯೇ ತಿರುಗಿತು. ಸಾಲಿನಲ್ಲಿ ಎಲ್ಲರಿಗಿಂತ ಮೊದಲು, ಎಂಟೂವರೆಗೆ, ಕಣ್ಣು ಬಿಟ್ಟವಳು ಚಿಕ್ಕಮಾದಮ್ಮ. ಬಿಸಿಲು ಒಲೆಯವರೆಗೂ ಬಂದಿತ್ತು. ಅವಳು ಗೋಡೆಯ ಕಡೆ ನೋಡಲೇ ಇಲ್ಲ. ಬರಿಗಾಲಲ್ಲಿ ಓಡಿಹೋಗಿ ಅವನ ಬಾಗಿಲು ಬಡಿದಳು.