ಮೇಲಂತಸ್ತಿನ ಉದ್ದ ಸ್ವರ

ನೆದರ್ಲೆಂಡ್ಸಿನ ಲೈಡನ್ ಊರಿನ ಒಂದು ಮನೆಯ ಮೇಲಂತಸ್ತಿನಲ್ಲಿರುವ ಜಪಾನಿ ಗಾಯಕಿ ಚಿಹಾರು ಅವರಿಗೆ ಎಲ್ಲದಕ್ಕೂ ಮೊದಲೇ ಕ್ಷಮೆ ಕೇಳುವ ಅಭ್ಯಾಸ. ಪಾರ್ಸೆಲ್ ತಂದವನಿಗೂ ಬಾಗಿ ವಂದಿಸುತ್ತಾರೆ, ಬಿಟ್ಟರೆ ಅವನ ಸೈಕಲ್ಲಿಗೂ. 'ನಾಳೆಯೂ ಹಾಡುತ್ತೇನೆ, ಮನ್ನಿಸಿ' ಎಂಬ ಚೀಟಿಯ ಜೊತೆ ಅವರು ಮೆಟ್ಟಿಲ ಮೇಲಿಡುವ ಕಿತ್ತಳೆಯನ್ನು ಕೆಳಮನೆಯ ಹುಝೈಫಾ ಎರಡು ಸಲ ಸೋಪು ಹಾಕಿ ತೊಳೆದು, ಆಮೇಲೂ ತಿನ್ನಲು ಧೈರ್ಯ ಸಾಲದೆ ಕಿಟಕಿಯಲ್ಲಿಟ್ಟು ನೋಡುತ್ತಾನೆ. ಕೊರೊನಾ ಬಂದಮೇಲೆ ಚನ್ನಪಟ್ಟಣದ ಈ ಹುಲಿ ಬಾಗಿಲ ಹಿಡಿಗೂ ಹೆದರುತ್ತದೆ. ಬೆಳಿಗ್ಗೆ ಹತ್ತಕ್ಕೆ, ಅಡುಗೆಮನೆಯ ಮೇಜಿನಲ್ಲಿ ಇವನ ಆಫೀಸ್ ಮೀಟಿಂಗ್ ಶುರುವಾಗುವಾಗ, ಮೇಲೆ ಅದೇ ಹಾಡು: ಹೂ ಉದುರುವ ವಸಂತ, ಯಾರೋ ಬಾರದ ವಸಂತ. ಭಾಷೆ ತಿಳಿಯದಿದ್ದರೂ ಊರಲ್ಲಿರುವ ಅಮ್ಮನಿಂದ ಹಿಡಿದು ಟ್ರೈನಿನಲ್ಲಿ ಮರೆತ ಕೊಡೆಯವರೆಗೆ ಎಲ್ಲ ನೆನಪಾಗಿ ಇವನಿಗೆ ಅಳು ಬರುತ್ತದೆ. ಕೊನೆಯ ಸ್ವರವನ್ನು ಅವರು ಇಪ್ಪತ್ತು ಎಣಿಸುವಷ್ಟು ಹೊತ್ತು ಹಿಡಿಯುತ್ತಾರೆ. ಶ್ವಾಸಕೋಶ ನೆಟ್ಟಗಿದೆಯೇ ಎಂದು ನೋಡಲು ಅದೇ ತಮ್ಮ ಪರೀಕ್ಷೆ ಎಂದು ಒಮ್ಮೆ ಹೇಳಿದ್ದರು. ಅಂದಿನಿಂದ ಹುಝೈಫಾನೂ ಕೆಳಗೆ ಉಸಿರು ಹಿಡಿದು ಎಣಿಸುತ್ತಾನೆ. ಇವತ್ತು ಏಳು ಎಣಿಸುವಷ್ಟರಲ್ಲೇ ಇವನಿಗೆ ಕೆಮ್ಮು ಬಂತು. ಎಂಟು ಎನ್ನುವಷ್ಟರಲ್ಲಿ ಮೇಲೆ ಸ್ವರ ತುಂಡಾಯಿತು. ಮೀಟಿಂಗ್ ಬಿಟ್ಟು ಓಡಿದವನು ಬಾಗಿಲಿಗೆ ನಾಲ್ಕು ಮೆಟ್ಟಿಲು ಕೆಳಗೇ ನಿಂತು, "ಚಿಹಾರು ಸಾನ್, ಉಸಿರು ಸಿಗ್ತಿಲ್ವಾ?" ಎಂದು, ಆ ಗಾಬರಿಯಲ್ಲೂ ಜಪಾನಿ ಮರ್ಯಾದೆಯ 'ಸಾನ್' ಬಿಡದೆ, ಕೂಗಿದ. ಅವರು ಬಾಗಿಲು ತೆರೆದು ಬಾಗಿದರು. "ಕ್ಷಮಿಸಿ. ನಾನು ಚೆನ್ನಾಗಿದೀನಿ. ನೀವು ಕೆಮ್ಮಿದ್ದು ಕೇಳಿಸ್ತು, ಭಯ ಆಗಿ ನಿಲ್ಲಿಸ್ಬಿಟ್ಟೆ. ಮೊನ್ನೆಯಿಂದ ಕೇಳಿಸ್ಕೊಳ್ತಾನೇ ಇದೀನಿ." "ಅಯ್ಯೋ, ಟೀ ನೆತ್ತಿಗೆ ಹತ್ತಿತ್ತು ಅಷ್ಟೇ!" ಎಂದು ಹುಝೈಫಾ ನಕ್ಕ. ಕೆಳಗಿಳಿಯುವಾಗ ಮಾತ್ರ ಕಂಬಿಯನ್ನು ಗಟ್ಟಿಯಾಗಿ ಹಿಡಿದುಕೊಂಡ. ಇವತ್ತು ಅವನು ಇನ್ನೂ ಟೀ ಮಾಡಿಯೇ ಇರಲಿಲ್ಲ.