ನಾಯಕಿಯ ತಾಯಿ

ಗುಲಿಕೊ ಮೊದಲು ತಾಯಿಯಾದದ್ದು ಇಪ್ಪತ್ಮೂರರ ಹರೆಯದಲ್ಲಿ, ಕ್ಯಾಮೆರಾದ ಎದುರು. ಮಗಳಾಗಿ ನಿಂತವಳು ಅವಳದೇ ವಯಸ್ಸಿನ ಲಮಾರಾ. ಟ್ಬಿಲಿಸಿ ನಗರದ ನಾಟಕಶಾಲೆಯಲ್ಲಿ ಇಬ್ಬರೂ ಒಂದೇ ಕೋಣೆಯಲ್ಲಿ ಇದ್ದವರು. ಮದುಮಗಳ ಪಾತ್ರ ಕೇಳಲು ಜೊತೆಯಾಗಿಯೇ ಹೋಗಿದ್ದರು. ನಿರ್ದೇಶಕ ಲಮಾರಾಳ ಕಣ್ಣು ನೋಡಿದ, ಗುಲಿಕೊಳ ಅಗಲ ಸೊಂಟ ನೋಡಿದ, ಅಷ್ಟೇ. ಗುಲಿಕೊಳ ತಲೆಗೆ ಬಿಳಿ ಪುಡಿ ಬಳಿದರು.

ಚಿತ್ರ ಊರೂರಲ್ಲೂ ಓಡಿತು. ಲಮಾರಾ ಇನ್ನು ಮೂರು ಚಿತ್ರ ಮಾಡಿ, ಒಬ್ಬ ಡಾಕ್ಟರನ್ನು ಮದುವೆಯಾಗಿ ಮನೆ ಸೇರಿದಳು. ಗುಲಿಕೊ ದುಡಿಯುತ್ತಲೇ ಹೋದಳು: ಅತ್ತೆ, ಪಕ್ಕದ ಮನೆಯವಳು, ದ್ರಾಕ್ಷಿ ತೋಟದ ಮುದುಕಿ. ಕರೆಂಟಿಲ್ಲದ, ಬ್ರೆಡ್ಡಿಗೂ ಸಾಲು ನಿಲ್ಲಬೇಕಾದ ಆ ಕೆಟ್ಟ ವರ್ಷಗಳಲ್ಲಿ ಸ್ಟುಡಿಯೊ ಮುಚ್ಚಿದಾಗ ಚಳಿಗೆ ಕೋಟು ಹಾಕಿಕೊಂಡೇ ಮಕ್ಕಳ ನಾಟಕ ಆಡಿದಳು. ಆದರೂ ಪೇಟೆಯಲ್ಲಿ ಚೀಸ್ ಮಾರುವವಳು ಅಕ್ಕರೆಯಿಂದ ಕೇಳುತ್ತಿದ್ದಳು, "ನಿಮ್ಮ ಮಗಳು ಲಮಾರಾ ಹೇಗಿದ್ದಾಳಮ್ಮಾ? ಎಂಥಾ ಚೆಲುವೆ!"

"ಚೆನ್ನಾಗಿದಾಳೆ, ದಪ್ಪಗಾಗಿದಾಳೆ," ಎನ್ನುತ್ತಿದ್ದಳು ಗುಲಿಕೊ. ಮನೆಗೆ ಬಂದು ಪಾತ್ರೆಗಳನ್ನು ಸದ್ದು ಮಾಡಿ ತೊಳೆಯುತ್ತಿದ್ದಳು. ಲಮಾರಾ ದಪ್ಪಗಾಗಿರಲಿಲ್ಲ. ಅದೇ ಗುಲಿಕೊಳ ಹೊಟ್ಟೆಯುರಿ.

ಎಪ್ಪತ್ತು ದಾಟಿದ ಮೇಲೆ ಖತೂನಾ ಎಂಬ ತರುಣ ನಿರ್ದೇಶಕಿ ಗುಲಿಕೊಳನ್ನೇ ನಾಯಕಿ ಮಾಡಿದಳು. ಮನೆ ಬಿಟ್ಟು ಹೊರಡುವ ವಿಧವೆಯ ಕಥೆ. ಸುದ್ದಿ ತಿಳಿದು ಲಮಾರಾ ವಾಲ್‌ನಟ್ ಕೇಕ್ ಹಿಡಿದುಕೊಂಡು ಬಂದಳು. ಗಂಡ ತೀರಿಕೊಂಡಿದ್ದ, ಏನಾದರೂ ಸಣ್ಣ ಪಾತ್ರ ಇದ್ದರೆ ಹೇಳು ಎಂದು ತಲೆ ತಗ್ಗಿಸಿ ಕೇಳಿದಳು. ಗುಲಿಕೊ ಅಂದೇ ಖತೂನಾಳಿಗೆ ಫೋನು ಮಾಡಿ, ಹಾಸಿಗೆ ಹಿಡಿದ ತನ್ನ ತಾಯಿಯ ಪಾತ್ರಕ್ಕೆ ಲಮಾರಾಳಿಗಿಂತ ಸರಿಯಾದವರು ಇಲ್ಲವೆಂದಳು. ತೊಂಬತ್ತೈದರ ಮುದುಕಿ, ಒಂದು ಮಾತೂ ಇಲ್ಲ. ಫೋನಿಟ್ಟು ತನಗೆ ತಾನೇ ಒಂದು ಲೋಟ ವೈನ್ ಸುರಿದುಕೊಂಡಳು.

ಚಿತ್ರೀಕರಣದ ದಿನ ಲಮಾರಾ ದಿಂಬಿಗೆ ಒರಗಿ, ಹೊರಟು ನಿಂತ ಮಗಳನ್ನು ಸುಮ್ಮನೆ ನೋಡಿದಳು. ಆ ನೋಟಕ್ಕೆ ಲೈಟು ಹಿಡಿದವನೂ ಕಣ್ಣೊರೆಸಿಕೊಂಡ. ಅದನ್ನು ಕಂಡು ಗುಲಿಕೊ ತನ್ನ ಮಾತುಗಳನ್ನು ಮರೆತಳು. ಹೇಳಬೇಕಾದದ್ದನ್ನು ಬಿಟ್ಟು, "ನನ್ನನ್ನ ಹಾಗೆ ನೋಡಬೇಡ," ಎಂದು ಗದರಿ, ಬಾಗಿಲು ಬಡಿದು ಹೊರಟುಹೋದಳು. ಖತೂನಾ ಅದನ್ನೇ ಚಿತ್ರದಲ್ಲಿ ಉಳಿಸಿಕೊಂಡಳು.

ಮುಗಿದ ಮೇಲೆ ಇಬ್ಬರೂ ಖಿಂಕಾಲಿ ಕಡುಬು ತಿನ್ನಲು ಕೂತರು.

"ಮಲಗಿದ್ದಲ್ಲೇ ನನ್ನ ಸಿನಿಮಾ ಕದ್ದೆಯಲ್ಲೇ," ಎಂದಳು ಗುಲಿಕೊ.

"ನೀನು ಬೇಕಂತಲೇ ನನ್ನನ್ನ ಮುದುಕಿ ಮಾಡಿಸಿದೆ ಅಂತ ಗೊತ್ತು ಕಣೇ," ಎಂದಳು ಲಮಾರಾ. "ಟೀವಿಯಲ್ಲಿ ನೀನು ಬಂದಾಗಲೆಲ್ಲ ನಾನು ಎದ್ದು ಅಡುಗೆಮನೆಗೆ ಹೋಗ್ತಿದ್ದೆ. ನೋಡೋಕಾಗ್ತಿರಲಿಲ್ಲ."

ಗುಲಿಕೊಳಿಗೆ ಕನಿಕರ ಬರಲಿಲ್ಲ. ಎಷ್ಟೋ ವರ್ಷಗಳ ಮೇಲೆ ಊಟ ರುಚಿಸಿತು. ಯಾವ ಯಾವ ಚಿತ್ರ ಬಂದಾಗ ಎದ್ದು ಹೋಗಿದ್ದೆ, ಒಂದೊಂದಾಗಿ ಹೇಳು ಎಂದು ಪೀಡಿಸಿದಳು.

ಆಮೇಲೆಯೂ ಗುಲಿಕೊ ಸಾಯುವವರೆಗೆ ನಟಿಸಿದಳು. ಯಾರು ಕರೆದರೂ ಅವಳ ಮೊದಲ ಪ್ರಶ್ನೆ, ಲಮಾರಾಳಿಗೇನು ಪಾತ್ರ ಎಂಬುದು. ಇಲ್ಲವೆಂದರೆ ಹಿಗ್ಗುತ್ತಿದ್ದಳು, ಆದರೆ ಅಂಥ ಚಿತ್ರಗಳಲ್ಲಿ ಅವಳ ನಟನೆ ಸಪ್ಪೆಯಾಗಿರುತ್ತಿತ್ತು.